ನನ್ನ ಹೆಸರಿನ ಫೈಲು

ಸರ್ಕಾರಿ ಆಸ್ಪತ್ರೆಯ ದಾಖಲೆಯ ಪ್ರಕಾರ ನನಗೆ ಎಂಟು ವರ್ಷ ತಲೆ ಕೆಟ್ಟಿತ್ತು. ನಂಬಿಕೆ ಬಾರದವರು ಕೋರ್ಟಿಗೆ ಹೋಗಿ ನೋಡಬಹುದು, ನನ್ನ ಫೈಲು ಅಲ್ಲೇ ಇದೆ. ನೂರಾ ಹನ್ನೆರಡು ಹಾಳೆ. ಪ್ರತಿ ಹಾಳೆಯಲ್ಲೂ ಮೇಲೆ ನನ್ನ ಹೆಸರು, ಕೆಳಗೆ ನನ್ನ ತಮ್ಮನ ಕಾಯಿಲೆ.

ನಮ್ಮದು ಇಸ್ತ್ರಿ ಅಂಗಡಿ. ಮುಂದಿನ ಕೋಣೆ ಅಂಗಡಿ, ಹಿಂದಿನ ಕೋಣೆ ಮನೆ, ಅದರ ಹಿಂದೆ ಬಟ್ಟೆ ಒಣಹಾಕಲು ಅಂಗೈಯಗಲ ಜಾಗ. ಬಟ್ಟೆ ತೆಗೆದುಕೊಳ್ಳುವುದು, ಕಾಲರಿನ ಒಳಗೆ ಬಣ್ಣದ ದಾರದಿಂದ ಗುರುತು ಹಾಕುವುದು, ಗಂಟು ಕಟ್ಟುವುದು ನನ್ನ ಕೆಲಸ. ಇಸ್ತ್ರಿ ಅವನದು. ಅವನು ತೆಗೆದ ಗೆರೆಯಲ್ಲಿ ತರಕಾರಿ ಹೆಚ್ಚಬಹುದು ಎಂದು ಗಿರಾಕಿಗಳು ತಮಾಷೆ ಮಾಡುತ್ತಿದ್ದರು. ಪ್ರತಿ ಬಟ್ಟೆಗೂ ಮೊದಲು ಇಸ್ತ್ರಿ ಪೆಟ್ಟಿಗೆಯ ತಳವನ್ನು ಒದ್ದೆ ಬಟ್ಟೆಯಲ್ಲಿ ಒರೆಸುವುದು ಅವನ ಅಭ್ಯಾಸ. ಬಿಳಿ ಅಂಗಿಗೆ ಒಂದು ಕಲೆ ಬಿದ್ದರೆ ಅವನಿಗೆ ಆ ದಿನ ಊಟ ಸೇರುತ್ತಿರಲಿಲ್ಲ.

ಅವನಿಗೆ ಮೂವತ್ತು ತುಂಬಿದ ವರ್ಷ ಶುರುವಾಯಿತು. ಕೆಲಸದ ನಡುವೆ ಪೆಟ್ಟಿಗೆ ಎತ್ತಿಟ್ಟು ಗೋಡೆಗೆ ಕಿವಿ ಕೊಟ್ಟು ನಿಲ್ಲುತ್ತಿದ್ದ. ಅವನ ಮೇಜಿನ ಮೇಲ್ಗಡೆಯೇ ಕರೆಂಟಿನ ಮೀಟರು. "ಅದು ನನ್ನ ಯೋಚನೆ ಎಣಿಸ್ತಾ ಇದೆ ಅಕ್ಕ. ತಿಂಗಳಿಗೊಂದ್ಸಲ ಬಂದು ಬರ್ಕೊಂಡು ಹೋಗ್ತಾರೆ," ಎಂದ. ನಾನು ನಕ್ಕುಬಿಟ್ಟೆ. ಆಗಿನ್ನೂ ಅಮ್ಮ ಬದುಕಿದ್ದಳು. ಅವಳು ನಗಲಿಲ್ಲ.

ಆಸ್ಪತ್ರೆಗೆ ತೋರಿಸೋಣ ಎಂದರೆ ಅಮ್ಮ ನನ್ನ ಬಾಯಿ ಮುಚ್ಚಿಸಿದಳು. "ಒಂದ್ಸಲ ಅಲ್ಲಿ ಹೆಸರು ಬರೆಸಿದ್ರೆ ಮುಗೀತು. ಆಮೇಲೆ ಅವನಿಗೆ ಹೆಣ್ಣು ಕೊಡೋರು ಯಾರು? ನಿಂದಾದ್ರೆ ಹೇಗೂ ಮುಗಿದ ಕತೆ." ನನ್ನ ಗಂಡ ಬಿಟ್ಟುಹೋಗಿ ಆಗ ಮೂರು ವರ್ಷ. ಹೆತ್ತವಳು ಆಡಿದ ಮಾತು ಅದು. ನನಗೆ ಇವತ್ತಿಗೂ ಸಿಟ್ಟು ಬರುವುದು ಆ ಮಾತಿಗಲ್ಲ. ಆ ಹೊತ್ತಿನಲ್ಲಿ ಅದು ನನಗೂ ಸರಿ ಅನ್ನಿಸಿತಲ್ಲ, ಅದಕ್ಕೆ.

ಹಾಗಾಗಿ ನಾನೇ ಹೋದೆ. ಮನೋರೋಗದ ವಿಭಾಗದ ಮುಂದೆ ಬೆಂಚಿನ ಮೇಲೆ ಎರಡು ಗಂಟೆ ಕೂತು, ಒಳಗೆ ಹೋಗಿ, ತಮ್ಮನಿಗಾಗುತ್ತಿದ್ದುದನ್ನೆಲ್ಲ ನನಗಾಗುತ್ತಿದೆ ಎಂದು ಹೇಳಿದೆ. ಗೋಡೆಯೊಳಗೆ ಯಾರೋ ನನ್ನ ಯೋಚನೆ ಎಣಿಸುತ್ತಾರೆ ಡಾಕ್ಟ್ರೇ, ನಿದ್ದೆಯಿಲ್ಲ, ನೀರಿಗೆ ಏನೋ ಬೆರೆಸಿದ್ದಾರೆ ಅನ್ನಿಸುತ್ತದೆ. ಡಾಕ್ಟರು ತಲೆಯಾಡಿಸುತ್ತಾ ಬರೆದುಕೊಂಡರು. ನಾಟಕದ ಕಂಪನಿಗೆ ಸೇರಿದ್ದರೆ ನಾಲ್ಕು ಜನ ಚಪ್ಪಾಳೆಯನ್ನಾದರೂ ತಟ್ಟುತ್ತಿದ್ದರು. ಇಲ್ಲಿ ಒಂದು ಪೊಟ್ಟಣ ಮಾತ್ರೆ ಸಿಕ್ಕಿತು, ನನ್ನ ಹೆಸರಿನಲ್ಲಿ.

ಅವನು ನುಂಗಬೇಕಲ್ಲ. "ನಂಗೇನಾಗಿದೆ?" ಎಂದು ಜಗಳಕ್ಕೆ ಬಂದ. ಆಗ ಇನ್ನೊಂದು ಸುಳ್ಳು ಹೇಳಿದೆ. ಕಾಯಿಲೆ ನನಗೆ, ಮನೆಯವರೊಬ್ಬರು ಜೊತೆಗೆ ನುಂಗಿದರೇ ನನಗೆ ಹತ್ತುವುದಂತೆ, ಡಾಕ್ಟರು ಹೇಳಿದ್ದಾರೆ ಎಂದೆ. ಅವನ ಮುಖ ಸಣ್ಣಗಾಯಿತು. ಕೈ ಚಾಚಿದ. ಅಂದಿನಿಂದ ನಾನು ಮೂಳೆಗೆ ಒಳ್ಳೆಯದೆಂದು ಕೊಡುವ ಬಿಳಿ ಮಾತ್ರೆ ನುಂಗುವುದು, ಅವನು ನಿಜವಾದ ಮಾತ್ರೆ ನುಂಗುವುದು. ನಾನು ಮರೆತರೂ ಅವನು ಮರೆಯುತ್ತಿರಲಿಲ್ಲ. "ಹುಚ್ಚಮ್ಮಾ, ನಮ್ಮ ಮಾತ್ರೆ ಎಲ್ಲಿ?" ಎಂದು ನೀರಿನ ಲೋಟ ಹಿಡಿದು ಬಂದು ನಿಲ್ಲುತ್ತಿದ್ದ. ಎರಡು ತಿಂಗಳಲ್ಲಿ ಗೋಡೆ ಸುಮ್ಮನಾಯಿತು. ಅಮ್ಮ ಸತ್ತಳು, ಹೆಣ್ಣು ಯಾರೂ ಕೊಡಲಿಲ್ಲ, ನಾವಿಬ್ಬರೂ ನೆಮ್ಮದಿಯಾಗಿದ್ದೆವು. ನಾನು ತಿಂಗಳಿಗೊಮ್ಮೆ ಹೋಗಿ ಸ್ವಲ್ಪ ಹುಚ್ಚಿಯಾಗಿ ಬರುತ್ತಿದ್ದೆ.

ಎಂಟನೆಯ ವರ್ಷ ಹಳೆಯ ಡಾಕ್ಟರು ನಿವೃತ್ತರಾದರು. ಹೊಸಬರು ಚುರುಕು. ಅರ್ಧ ಗಂಟೆ ಮಾತಾಡಿಸಿ, ಫೈಲು ಮಡಚಿ, ನಗುತ್ತಾ ಹೇಳಿದರು. "ನಿಮಗೆ ಏನೂ ಇಲ್ಲಮ್ಮ. ಪೂರ್ತಿ ಗುಣವಾಗಿದೆ. ಮಾತ್ರೆ ನಿಲ್ಲಿಸೋಣ."

ಎಂಟು ವರ್ಷದಲ್ಲಿ ಕಾಯಿಲೆಯನ್ನು ಸರಿಯಾಗಿ ಗುರುತಿಸಿದವರು ಅವರೊಬ್ಬರೇ. ಚೀಟಿಯಿಲ್ಲದೆ ಔಷಧಿ ಅಂಗಡಿಯವರು ಕೊಡಲಿಲ್ಲ. ಮೂರನೆಯ ವಾರ ತಮ್ಮ ಮೀಟರಿನ ಮೇಲೆ ಟವೆಲು ಹೊದಿಸಿದ. ನಾನು ಆಸ್ಪತ್ರೆಗೆ ಓಡಿ, ಇದ್ದಬದ್ದ ಹುಚ್ಚನ್ನೆಲ್ಲ ಒಟ್ಟಿಗೆ ಆಡಿದೆ. ಡಾಕ್ಟರು ಸಮಾಧಾನದಿಂದ ಕೇಳಿಸಿಕೊಂಡರು.

"ಮಾತ್ರೆ ಬಿಟ್ಟಾಗ ಹೀಗೆ ಭಯ ಆಗುತ್ತೆ. ಮನೇಲಿ ಯಾರಿದ್ದಾರೆ?"

"ತಮ್ಮ ಇದ್ದಾನೆ."

"ನಾಳೆ ಅವರನ್ನ ಕರ್ಕೊಂಡು ಬನ್ನಿ. ಅವರ ಹತ್ರ ನಾನೇ ಮಾತಾಡ್ತೀನಿ."

ಮಾತು ನಾಲಿಗೆಯ ತುದಿಯವರೆಗೆ ಬಂದಿತ್ತು. ಕಾಯಿಲೆ ಅವನಿಗೆ, ಇಷ್ಟು ವರ್ಷ ನಿಮಗೆಲ್ಲ ಟೋಪಿ ಹಾಕಿದೆ ಎನ್ನಬೇಕಿತ್ತು. ನಾಚಿಕೆಯಾಯಿತು. ಅವನಿಗೆ ಅಂಗಡಿ ಬಿಟ್ಟು ಬರಲಾಗದು ಎಂದು ಹೇಳಿ ಎದ್ದುಬಂದೆ.

ಅದಾದ ಐದನೆಯ ದಿನ ಮೀಟರಣ್ಣ ಬಂದ. ಮೀಟರು ನೋಡಿ ಬಿಲ್ಲು ಬರೆಯುವವನನ್ನು ನಮ್ಮ ಬೀದಿಯಲ್ಲಿ ಎಲ್ಲರೂ ಹಾಗೇ ಕರೆಯುತ್ತಿದ್ದೆವು. ಬೆಳಿಗ್ಗೆ ಹನ್ನೊಂದು ಗಂಟೆ. ನಾನು ಬಾಗಿಲಲ್ಲೇ ತಡೆದೆ.

"ನಾನೇ ಓದಿ ಹೇಳ್ತೀನಿ, ಬರ್ಕೊಳ್ಳಿ."

"ಹಂಗೆಲ್ಲ ಬರೆಯೋಕಾಗಲ್ಲ ತಾಯಿ. ನಾನೇ ಕಣ್ಣಾರೆ ನೋಡ್ಬೇಕು. ಯಾಕೆ, ಒಳಗೇನಾದ್ರೂ ನಿಧಿ ಇಟ್ಟಿದ್ದೀರಾ?"

ಪಕ್ಕದ ಅಂಗಡಿಯವರು ಇತ್ತ ತಿರುಗಿ ನೋಡಿದರು. ನನ್ನ ತಮ್ಮನಿಗೆ ಹುಷಾರಿಲ್ಲ, ನಿಮ್ಮನ್ನು ಕಂಡರೆ ಅವನಿಗೆ ಭಯ ಎಂದು ಹೇಳಿದ್ದರೆ ಸಾಕಿತ್ತು. ಅಷ್ಟು ಜನರ ಮುಂದೆ ಬಾಯಿ ಬರಲಿಲ್ಲ. ನಾನು ಪಕ್ಕಕ್ಕೆ ಸರಿದೆ. ಮೀಟರಣ್ಣ ಒಳಗೆ ಹೋಗಿ ಟವೆಲು ತೆಗೆದು, ಕಿವಿಯ ಮೇಲಿದ್ದ ಪೆನ್ನು ಕೈಗೆ ತೆಗೆದುಕೊಂಡ. ಆರು ಕಿಲೋ ತೂಕದ ಪೆಟ್ಟಿಗೆ ಅವನ ತಲೆಯ ಮೇಲೆ ಒಂದೇ ಸಲ ಬಿತ್ತು. ನಾನು ಒಳಗೆ ನುಗ್ಗುವಷ್ಟರಲ್ಲಿ ತಮ್ಮ ಪೆಟ್ಟಿಗೆಯ ತಳವನ್ನು ಒದ್ದೆ ಬಟ್ಟೆಯಲ್ಲಿ ಒರೆಸಿ, ಮೇಜಿನ ಮೇಲಿದ್ದ ಬಿಳಿ ಅಂಗಿಯ ತೋಳು ಹರವುತ್ತಿದ್ದ.

ಮೀಟರಣ್ಣ ಅಲ್ಲೇ ಸತ್ತ. ಇನ್ನು ಉಳಿದಿದ್ದು ಒಂದೇ ವಿಷಯ. ತಮ್ಮ ಹೋಗುವುದು ಆಸ್ಪತ್ರೆಗೋ, ಸಾಯುವವರೆಗೆ ಜೈಲಿಗೋ.

ನಮಗೆ ಕೋರ್ಟೇ ಒಬ್ಬ ವಕೀಲೆಯನ್ನು ಕೊಟ್ಟಿತು. ಚಿಕ್ಕ ವಯಸ್ಸಿನವಳು, ಒಳ್ಳೆಯವಳು. "ಅಮ್ಮ, ಆ ಗಳಿಗೇಲಿ ತಾನೇನು ಮಾಡ್ತಿದ್ದೀನಿ ಅಂತ ಅವರಿಗೆ ತಿಳೀತಿರಲಿಲ್ಲ ಅಂತ ನಾವು ತೋರಿಸ್ಬೇಕು. ತೋರಿಸೋ ಹೊರೆ ನಮ್ಮ ಮೇಲೇ. ಹಳೇ ಚೀಟಿ, ಫೈಲು ಏನಾದ್ರೂ ಇದೆಯಾ?" ಎಂದಳು. ಇದೆ ಎಂದೆ. ಯಾರ ಹೆಸರಿನಲ್ಲಿ ಎಂದೂ ಹೇಳಿದೆ. ಅವಳು ಪೆನ್ನು ಕೆಳಗಿಟ್ಟಳು.

ಪೊಲೀಸರು ಹಿಡಿದ ಮಾರನೆಯ ದಿನದಿಂದ ಜೈಲಿನ ಡಾಕ್ಟರು ನಿದ್ದೆಯಿಲ್ಲದ್ದಕ್ಕೆ ಎಂದಷ್ಟೇ ಬರೆದು ಮಾತ್ರೆ ಕೊಟ್ಟಿದ್ದರು. ತಪಾಸಣೆಗೆ ಕಳಿಸುವ ಹೊತ್ತಿಗೆ ತಮ್ಮ ಹದಕ್ಕೆ ಬಂದಿದ್ದ. ಈಗ ವಿಚಾರಣೆ ಎದುರಿಸಲು ಶಕ್ತ, ಹಿಂದೆ ಚಿಕಿತ್ಸೆ ಪಡೆದ ದಾಖಲೆ ಇಲ್ಲ ಎಂದು ವರದಿ ಬಂತು. ವಕೀಲೆ ಗಿರಾಕಿಗಳನ್ನು ಹುಡುಕಿಕೊಂಡು ಹೋದಳು. ಒಳ್ಳೇ ಹುಡುಗ, ಏನೂ ವ್ಯತ್ಯಾಸ ಕಾಣಲಿಲ್ಲ ಎಂದರಂತೆ. ಕಾಣದ ಹಾಗೆ ನೋಡಿಕೊಂಡವಳು ನಾನೇ, ಅವರನ್ನು ದೂರಿ ಏನು ಬಂತು.

ನಾನು ಸಾಕ್ಷಿ ಕಟಕಟೆ ಹತ್ತಿದೆ. ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಸರ್ಕಾರಿ ವಕೀಲರು ಎದ್ದುನಿಂತರು. ಗಟ್ಟಿ ದನಿಯ, ಮರ್ಯಾದೆಯ ಮನುಷ್ಯ. ಕೈಯಲ್ಲಿ ನನ್ನ ಫೈಲು.

"ಈ ಸಹಿ ನಿಮ್ಮದೇ ಏನಮ್ಮ?"

"ಹೌದು."

"ಗೋಡೆಯೊಳಗೆ ಯಾರೋ ನನ್ನ ಯೋಚನೆ ಎಣಿಸುತ್ತಾರೆ. ಈ ಮಾತು ಡಾಕ್ಟರ ಮುಂದೆ ಹೇಳಿದ್ದು ಯಾರು?"

"ನಾನೇ. ಆದ್ರೆ ಅದು ಅವನ ಮಾತು."

"ಎಂಟು ವರ್ಷ ಹೇಳಿದ್ದು ನೀವು. ಈಗ ಅದನ್ನ ತಮ್ಮನ ತಲೆಗೆ ಕಟ್ತಾ ಇದ್ದೀರಿ. ಡಾಕ್ಟರಿಗೆ ಎಂಟು ವರ್ಷ ಸುಳ್ಳು ಹೇಳಿದೆ ಅಂತೀರಿ, ಇವತ್ತು ಮಾತ್ರ ನಿಜ ಅಂತೀರಿ. ಇಲ್ಲ, ನಿಮಗೆ ನಿಜವಾಗ್ಲೂ ಕಾಯಿಲೆ ಇತ್ತು. ಹೇಗೆ ನೋಡಿದ್ರೂ ನಿಮ್ಮ ಮಾತನ್ನ ನಾವು ನಂಬೋದು ಹೇಗಮ್ಮ?"

ನನಗೆ ರೇಗಿತು. ದನಿ ಏರಿಸಿದೆ, ಕಟಕಟೆಯನ್ನು ಗುದ್ದಿದೆ, ಅತ್ತೆ. ಅವರು ನ್ಯಾಯಾಧೀಶರ ಕಡೆ ನೋಡಿದರು. ನ್ಯಾಯಾಧೀಶರು ನನಗೆ ನೀರು ಕೊಡಲು ಹೇಳಿದರು. ಅಷ್ಟು ಕನಿಕರದಿಂದ ನೀರು ಕೊಡಿಸಿದಾಗಲೇ ನನಗೆ ತಿಳಿಯಿತು, ಕೆಲಸ ಕೆಟ್ಟಿತು ಎಂದು.

ಪೆಟ್ಟಿಗೆ ಒರೆಸಿದ ವಿಷಯ ಬಂತು. ಸಾಕ್ಷ್ಯ ಅಳಿಸಲು ಒರೆಸಿದ, ಎಂದರೆ ಮಾಡಿದ್ದು ತಪ್ಪೆಂದು ಅವನಿಗೆ ಗೊತ್ತಿತ್ತು ಎಂದು ಸರ್ಕಾರಿ ವಕೀಲರು ವಾದಿಸಿದರು. ಬಿಳಿ ಅಂಗಿಯ ಮಾತನ್ನು ನಾನು ಕೆಳಗಿನಿಂದಲೇ ಕೂಗಿ ಹೇಳಿದೆ. ಪೇದೆ ಬಂದು ಕೂರಿಸಿದ.

ಕೊನೆಗೆ ನ್ಯಾಯಾಧೀಶರು ತಮ್ಮನನ್ನೇ ಕೇಳಿದರು. "ನಿನಗೆ ಎಂಟು ವರ್ಷದಿಂದ ಕಾಯಿಲೆ ಇತ್ತು, ನೀನು ಮಾತ್ರೆ ತಗೋತಿದ್ದೆ ಅಂತ ನಿಮ್ಮಕ್ಕ ಹೇಳ್ತಾರೆ. ಏನಂತೀಯ?"

ತಮ್ಮ ನನ್ನ ಕಡೆ ನೋಡಿದ. ಕಣ್ಣಲ್ಲಿ ಅದೆಂಥ ಅಕ್ಕರೆ!

"ಕಾಯಿಲೆ ನಂಗಲ್ಲ ಸ್ವಾಮಿ, ಅಕ್ಕಂಗೆ. ಪಾಪ, ಅವಳೇನು ಬೇಕು ಅಂತ ಹೀಗೆ ಆಡಲ್ಲ. ಒಬ್ಳೇ ನುಂಗೋಕೆ ಬೇಜಾರು ಮಾಡ್ಕೋತಾಳೆ ಅಂತ ನಾನೂ ಜೊತೆಗೆ ಒಂದು ನುಂಗ್ತಿದ್ದೆ, ಅಷ್ಟೆ. ಅವಳ ಮೇಲೆ ಕೋಪ ಮಾಡ್ಕೋಬೇಡಿ."

ವಕೀಲೆ ತಕ್ಷಣ ಎದ್ದು, "ನೋಡಿ ಸ್ವಾಮಿ, ನುಂಗುತ್ತಿದ್ದುದನ್ನು ಅವರೇ ಒಪ್ಪುತ್ತಿದ್ದಾರೆ," ಎಂದಳು. ಯಾವ ಮಾತ್ರೆ, ಎಷ್ಟು, ಯಾರು ಬರೆದುಕೊಟ್ಟದ್ದು ಎಂದು ನ್ಯಾಯಾಧೀಶರು ಕೇಳಿದರು. ಉತ್ತರವೆಲ್ಲ ನನ್ನ ಹೆಸರಿನ ಫೈಲಿನಲ್ಲಿತ್ತು.

ತೀರ್ಪಿನ ದಿನ ನ್ಯಾಯಾಧೀಶರು ನಿಧಾನವಾಗಿ ಓದಿದರು. ಮನೋರೋಗಿ ಅಕ್ಕನನ್ನು ಎಂಟು ವರ್ಷ ಇಷ್ಟು ಜವಾಬ್ದಾರಿಯಿಂದ ನೋಡಿಕೊಂಡ ವ್ಯಕ್ತಿಗೆ ಒಳ್ಳೆಯದು ಕೆಟ್ಟದ್ದರ ಅರಿವಿರಲಿಲ್ಲ ಎಂದು ನಂಬಲಾಗದು. ಅವನನ್ನು ಉಳಿಸುವ ಆಸೆಯಿಂದ ಅಕ್ಕ ತನ್ನ ಕಾಯಿಲೆಯನ್ನೇ ಅವನಿಗೆ ಆರೋಪಿಸಿದ್ದಾಳೆ, ಅದು ಸಹಜ. ಶಿಕ್ಷೆಯ ಬಗ್ಗೆ ಏನಾದರೂ ಹೇಳುವುದಿದೆಯೇ ಎಂದಾಗ, ಅಕ್ಕ ಒಬ್ಬಳೇ ಆಗುತ್ತಾಳೆ, ಯಾರಾದರೂ ಅವಳನ್ನು ಆಸ್ಪತ್ರೆಗೆ ಕರೆದುಕೊಂಡು ಹೋಗಬೇಕು ಎಂದು ತಮ್ಮ ಹೇಳಿದ. ಅದನ್ನೂ ಬರೆದುಕೊಂಡರು. ಜೀವಾವಧಿ ಎಂದರು. ಪೊಲೀಸರು ಅವನನ್ನು ಕರೆದೊಯ್ದರು.

ನಾನು ಹೊರಗಿನ ಮೊಗಸಾಲೆಯಲ್ಲಿ ಗೋಡೆಗೆ ಒರಗಿ ಕೂತೆ. ಮೀಟರಣ್ಣನ ಹೆಂಡತಿ ಬಂದು ಎದುರಿಗೆ ನಿಂತಳು. ಪ್ರತಿ ತಾರೀಖಿಗೂ ಎರಡು ಬಸ್ಸು ಬದಲಿಸಿ ಬಂದು ಮೂರನೇ ಬೆಂಚಿನಲ್ಲಿ ಕೂರುತ್ತಿದ್ದವಳು. ಇಷ್ಟು ದಿನದಲ್ಲಿ ಒಂದು ಸಲವೂ ನನ್ನ ಜೊತೆ ಮಾತಾಡಿರಲಿಲ್ಲ. ಉಗಿಯುತ್ತಾಳೆ ಎಂದುಕೊಂಡೆ. ಉಗಿದರೆ ಒರೆಸಿಕೊಳ್ಳುವುದೂ ಬೇಡ ಅನ್ನಿಸಿತ್ತು.

"ಅವರ್ಯಾರೂ ನಂಬಲಿಲ್ಲ. ನಾನು ನಂಬಿದೀನಿ," ಎಂದಳು. "ನೀವು ಹೇಳಿದ್ದೆಲ್ಲ ನಿಜ. ಕಾಯಿಲೆ ಅವನಿಗೇ."

ನನಗೆ ಅವಳ ಕಾಲು ಹಿಡಿಯಬೇಕು ಅನ್ನಿಸಿತು. ಅಷ್ಟು ದೊಡ್ಡ ಕಟ್ಟಡದಲ್ಲಿ ಒಬ್ಬರಾದರೂ ಸಿಕ್ಕರಲ್ಲ ಎಂದು ಕೈ ಮುಗಿದೆ.

ಅವಳು ನನ್ನ ಕೈಯನ್ನು ನೋಡಲಿಲ್ಲ.

"ಹಾಗಾದ್ರೆ ಅವತ್ತು ಬಾಗಿಲಲ್ಲಿ ನಮ್ಮೆಜಮಾನರು ನಿಂತಾಗ, ನಿಮಗೆ ಗೊತ್ತಿತ್ತು."

"ಗೊತ್ತಿತ್ತು."

"ಇಷ್ಟು ಜನರ ಮುಂದೆ ಹೇಳಿದ್ದನ್ನ, ಅವತ್ತು ಅವರೊಬ್ಬರಿಗೆ ಹೇಳೋಕೆ ಏನಾಗಿತ್ತಮ್ಮ ನಿಮಗೆ?"

ಸಿಟ್ಟಿನಿಂದ ಕೇಳಿರಲಿಲ್ಲ. ಉತ್ತರ ಬೇಕಾಗಿಯೇ ಕೇಳಿದ್ದಳು. ಸೆರಗನ್ನು ಹಿಡಿದುಕೊಂಡು ಅಲ್ಲೇ ಕಾಯುತ್ತಾ ನಿಂತಳು.

ಪಕ್ಕದ ಅಂಗಡಿಯವರು ನೋಡುತ್ತಿದ್ದರು ಎಂದು ನಾನು ಅವಳಿಗೆ ಹೇಗೆ ಹೇಳಲಿ?