ಅಂಚಿನ ಹಸಿರು

ಎರಡು ಸ್ಲೈಡುಗಳೂ ಮಂಕಾಗಿದ್ದವು. ಲ್ಯಾಬಿನ ಹಿರಿಯರು ಮೈಕ್ರೋಸ್ಕೋಪಿನಿಂದ ಕಣ್ಣು ತೆಗೆದು ನಕ್ಕರು.

"ಬಣ್ಣ ಹಳೇದು ಕಣಮ್ಮ. ಆರೋಗ್ಯವಂತರದ್ದೂ ಹೀಗೇ ಬಂದಿದೆ ನೋಡು. ಎರಡೂ ಒಂದೇ ಥರ ಇದೆ ಅಂದ್ಮೇಲೆ ನಿನ್ನ ನಾದಿನಿಗೆ ಏನೂ ಇಲ್ಲ. ಭಾನುವಾರ ಆರಾಮಾಗಿ ಓಡ್ಲಿ."

ಪಕ್ಕದಲ್ಲಿ ನಿಂತಿದ್ದ ಅವಳಿಗೆ ಹೋದ ಜೀವ ಬಂದಂತಾಯಿತು. ಕೂಡಲೇ ಮನೆಗೆ ಫೋನು ಮಾಡಿದಳು. ಗಂಡ ಸೈಕಲ್ ತುಳಿಯುತ್ತಲೇ ಎದೆಬಡಿತ ನಿಂತು ಸತ್ತು ಇನ್ನೂ ವರ್ಷ ತುಂಬಿರಲಿಲ್ಲ. ಅವನ ತಂಗಿಯೂ ಕಾಲಿಗೆ ಚಕ್ರ ಕಟ್ಟಿಕೊಂಡವಳೇ. ಚಿಗರೆ ಎಂದು ಹೆಸರಿಟ್ಟವನು ಅವನು. ದೊಡ್ಡ ಓಟಕ್ಕೆ ಮೊದಲು ಒಮ್ಮೆ ನೋಡಿಬಿಡೋಣವೆಂದು ಕಾಡಿ ಬೇಡಿ, ಅವಳ ಕೆನ್ನೆಯೊಳಗೆ ಹತ್ತಿ ಸವರಿ ತಂದಿದ್ದಳು.

ಹುಡುಕುತ್ತಿದ್ದುದು ಒಂದು ಪ್ರೋಟೀನನ್ನು. ಜೆಯುಪಿ ಎಂಬ ವಂಶವಾಹಿ ಹೇಳಿಕೊಟ್ಟಂತೆ ಜೀವಕೋಶ ಅದನ್ನು ತಯಾರಿಸಿ ತನ್ನ ಅಂಚಿಗೆ ಕಳಿಸುತ್ತದೆ. ಪಕ್ಕದ ಕೋಶವನ್ನು ಬಿಗಿಯಾಗಿ ಹಿಡಿದುಕೊಳ್ಳಲು ಅದು ಬೇಕು. ಬಿಡುವಿಲ್ಲದೆ ದುಡಿಯುವ ಹೃದಯದಲ್ಲಿ ಆ ಹಿಡಿತ ಸಡಿಲವಾದರೆ, ಓಡಿದಷ್ಟೂ ಕೋಶಗಳು ಕೈಬಿಡುತ್ತವೆ; ಒಂದು ದಿನ ಬಡಿತ ದಾರಿ ತಪ್ಪುತ್ತದೆ. ಕೆನ್ನೆಯ ಕೋಶಗಳಲ್ಲೂ ಇರುವುದು ಅದೇ ಪ್ರೋಟೀನು. ಸರಿಯಿದ್ದರೆ, ಬಣ್ಣ ಹಾಕಿದಾಗ ಅಂಚು ಹಸಿರಾಗಿ ಹೊಳೆಯಬೇಕು.

ಸ್ಲೈಡುಗಳನ್ನು ಡಬ್ಬಿಗೆ ಹಾಕುವಾಗ ಅವಳ ಕೈ ನಿಂತಿತು. ಹೋಲಿಕೆಗೆ ಇಟ್ಟಿದ್ದರ ಮೂಲೆಯಲ್ಲಿ ಅವಳದೇ ಅಕ್ಷರ: ಆರೋಗ್ಯವಂತ.

ಹೋಲಿಸಲು ಗಟ್ಟಿಮುಟ್ಟಾದವರು ಬೇಕೆಂದರೆ ಆ ಲ್ಯಾಬಿನಲ್ಲಿ ಯಾರೂ ಊರೆಲ್ಲ ಹುಡುಕುತ್ತಿರಲಿಲ್ಲ. ಮನೆಯವರ ಬಾಯಿಗೇ ಹತ್ತಿ ಹಾಕುತ್ತಿದ್ದರು. "ಕೆನ್ನೆ ಕೇಳೋರು ಮುತ್ತು ಕೊಡ್ತಾರೆ, ನೀನು ಹತ್ತಿ ತುರುಕ್ತೀಯಲ್ಲೇ" ಎನ್ನುತ್ತಾ ಬಾಯಿ ತೆರೆದು ಕುಳಿತವನು ಅವಳ ಗಂಡ. ಅಂದಿನಿಂದ ಫ್ರೀಜರಿನಲ್ಲೇ ಇದ್ದ ಸ್ಲೈಡನ್ನು ಹೊರತೆಗೆದದ್ದು ಇವತ್ತೇ ಮೊದಲು.

ಅವಳು ತನ್ನ ಕೆನ್ನೆಯನ್ನೇ ಸವರಿಕೊಂಡಳು. ಅದೇ ಸೀಸೆಯ ಬಣ್ಣ ಹಾಕಿ ನೋಡಿದಳು. ಪ್ರತಿ ಕೋಶದ ಸುತ್ತಲೂ ಗೆರೆ ಎಳೆದಂತೆ ಹಸಿರು.

ಬಣ್ಣ ಹಳೆಯದಾಗಿರಲಿಲ್ಲ.

ಹಿರಿಯರು ಬಹಳ ಹೊತ್ತು ನೋಡಿದರು. ಕನ್ನಡಕ ತೆಗೆದು ಒರೆಸಿಕೊಂಡರು. "ನಾನೂ ಕೇಳಬೇಕಿತ್ತಮ್ಮ, ಇದು ಯಾರದು ಅಂತ. ಹೃದಯದ ಡಾಕ್ಟರಿಗೆ ಈಗಲೇ ಹೇಳ್ತೀನಿ."

ಸಂಜೆ ಮನೆಗೆ ಬಂದಾಗ ಚಿಗರೆ ಬಾಗಿಲಲ್ಲೇ ಕೂತು ಶೂ ಕಟ್ಟಿಕೊಳ್ಳುತ್ತಿದ್ದಳು.

"ಬನ್ನಿ ಅತ್ತಿಗೆ, ಸುಮ್ಮಸುಮ್ಮನೆ ಹೆದರಿಸೋ ಡಾಕ್ಟ್ರಮ್ಮ!"

"ಶೂ ಬಿಚ್ಚೇ."

"ಏನೂ ಇಲ್ಲ ಅಂದ್ರಲ್ಲ, ಫೋನಲ್ಲಿ?"

"ನಿನ್ನ ಯಾರ ಜೊತೆ ಹೋಲಿಸಿದ್ದೆ ಗೊತ್ತಾ? ನಿಮ್ಮಣ್ಣನ ಜೊತೆ."

ಚಿಗರೆಯ ಕೈ ಲೇಸಿನ ಮೇಲೇ ಉಳಿಯಿತು.

"ಒಂದೇ ಥರ ಇದೆಯಾ?"

"ಹೂಂ. ಡಾಕ್ಟರು ನೋಡಬೇಕು, ಜೀನ್ ಪರೀಕ್ಷೆನೂ ಆಗಬೇಕು. ಅಲ್ಲೀವರೆಗೂ ಓಡೋ ಹಾಗಿಲ್ಲ."

"ಆಮೇಲೆ?"

"ಆಮೇಲೂ ಬೇಡ ಅನ್ನಬಹುದು."

"ಮುಚ್ಚಿಡಬಹುದಿತ್ತು ನೀವು. ಭಾನುವಾರ ಒಂದಿನ."

"ಅವನೂ ಅವತ್ತೊಂದಿನ ಅಂತಲೇ ಹೋಗಿದ್ದು."

ಚಿಗರೆ ಒಂದು ಶೂ ಕಿತ್ತು ಗೋಡೆಗೆ ಎಸೆದಳು. ಇನ್ನೊಂದರ ಲೇಸು ಗಂಟುಬಿದ್ದಿತ್ತು. ಅತ್ತಿಗೆ ನೆಲಕ್ಕೆ ಕೂತು, ಆ ಕಾಲನ್ನು ತೊಡೆಯ ಮೇಲಿಟ್ಟುಕೊಂಡು ಗಂಟು ಬಿಡಿಸತೊಡಗಿದಳು. ತಲೆಯ ಮೇಲೆ ಬಿಕ್ಕುವ ಸದ್ದು ಕೇಳಿಸಿತು. ಅವಳು ತಲೆ ಎತ್ತಲಿಲ್ಲ.

"ಅತ್ತಿಗೆ, ಅಣ್ಣಂದು ನಾನೂ ನೋಡಬಹುದಾ?"

"ನಾಳೆ ಲ್ಯಾಬಿಗೆ ಬಾ. ಬಸ್ಸಲ್ಲಿ ಬಾ, ಓಡ್ಕೊಂಡಲ್ಲ."