ಹೆಸರು ಹೇಳಿ ಅಳೆದ ರಿಬ್ಬನ್

"ನೂಕ್ಬೇಡ್ರೋ, ತಾಯಿ ಎಲ್ಲಿಗೂ ಓಡಿಹೋಗಲ್ಲ" ಎಂದು ಹಿಂದಿನವರನ್ನು ಗದರಿಸುತ್ತಲೇ ಪೆಗ್ ತಾನು ಮಾತ್ರ ಆಬಿಯ ಬೆನ್ನಿಗೆ ಮೊಣಕೈ ಕೊಟ್ಟು ಅವಳನ್ನು ಸಾಲಿನಲ್ಲಿ ಮುಂದಕ್ಕೆ ತಳ್ಳಿದಳು. ಬೆಳಗಿನ ಪೂಜೆ ಆಗತಾನೆ ಮುಗಿದಿತ್ತು. ಐರ್ಲೆಂಡಿನ ಬಲ್ಲಿವೂರ್ನಿಯ ಚರ್ಚಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ಒದ್ದೆ ಉಣ್ಣೆ ಕೋಟುಗಳ ವಾಸನೆ, ಮಕ್ಕಳ ಕೆಮ್ಮು, ಎಲ್ಲರ ಕೈಯಲ್ಲೂ ಬಣ್ಣಬಣ್ಣದ ರಿಬ್ಬನ್ನು. ಫೆಬ್ರವರಿ ಹನ್ನೊಂದು, ನಮ್ಮೂರು ಕಾಯುವ ಸಂತ ಗೊಬ್ನಟ್ ತಾಯಿಯ ದಿನ. ಈ ದಿನ ಮನೆಯಲ್ಲಿ ಕುಳಿತವನು ಒಂದೋ ಕಾಯಿಲೆಯವನು, ಇಲ್ಲವೇ ಪಕ್ಕದೂರಿನವನು.

ಮುಂದೆ ಮೇಜಿನ ಮೇಲೆ ತಾಯಿಯ ಮೂರ್ತಿ. ಎರಡು ಮೊಳವೂ ಇಲ್ಲದ ಕಪ್ಪು ಮರ, ಮುಖ ಸವೆದು ಮೂಗು ಯಾವುದು ಬಾಯಿ ಯಾವುದು ಗೊತ್ತಾಗದು. ವರ್ಷವೆಲ್ಲ ಬೀಗದೊಳಗಿದ್ದು ಹಬ್ಬಕ್ಕೆ ಮಾತ್ರ ಹೊರಗೆ ಬರುತ್ತದೆ. ರಿಬ್ಬನ್ನನ್ನು ಅದರ ನೆತ್ತಿಯಿಂದ ಪಾದದವರೆಗೆ ಇಟ್ಟು ಅಳೆಯಬೇಕು, ಆಮೇಲೆ ಸುತ್ತಲೂ ಒಂದು ಸುತ್ತು ತರಬೇಕು. ಹಾಗೆ ಅಳೆದ ರಿಬ್ಬನ್ನು ಮನೆಗೆ ಹೋದರೆ ಗಂಟಲುನೋವಿಗೂ ಅದೇ, ಕರು ಹಾಕುವ ಹಸುವಿಗೂ ಅದೇ, ಪರೀಕ್ಷೆಗೆ ಹೋಗುವ ಹುಡುಗನ ಜೇಬಿಗೂ ಅದೇ. ಆಬಿಯ ಮನೆಯಲ್ಲಿ ಇನ್ನೊಂದು ರೂಢಿ ಉಂಟು. ಯಾರಿಗಾಗಿ ಅಳೆಯುತ್ತೇವೋ ಅವರ ಹೆಸರನ್ನು ಬಾಯಿಬಿಟ್ಟು ಹೇಳಬೇಕು. ಅವಳ ಅವ್ವ ಹಾಗೆ ಮಾಡುತ್ತಿದ್ದಳು, ಅವ್ವನ ಅವ್ವನೂ ಹಾಗೆಯೇ.

ಆಬಿಯ ತೋಳಿನ ಮೇಲೆ ಮೂರು ರಿಬ್ಬನ್ನು ನೇತಾಡುತ್ತಿದ್ದವು. ನೀಲಿ ಮಗ ಡೊನಹಾನ ಬೆನ್ನುನೋವಿಗೆ. ಬಿಳಿ ದೊಡ್ಡ ಮೊಮ್ಮಗಳು ಬ್ರೀಡ್‌ಗೆ. ಎಲ್ಲಕ್ಕಿಂತ ಸಣ್ಣದು, ಹಳದಿಯದು, ಕ್ರಿಸ್‌ಮಸ್ ಮುಗಿದ ಮೇಲೆ ಹುಟ್ಟಿದ ಎಳೆಕೂಸಿಗೆ. ಆ ಕೂಸಿಗೆ ಇವತ್ತು ಮಧ್ಯಾಹ್ನ ಇದೇ ಚರ್ಚಿನಲ್ಲಿ ನೀರು ಹೊಯ್ದು ಹೆಸರಿಡುವ ಜ್ಞಾನಸ್ನಾನ. ಊರಿಗೆ ಊರೇ ತುದಿಗಾಲಲ್ಲಿ ನಿಂತದ್ದು ಅದಕ್ಕೇ.

ಯಾಕೆಂದರೆ ನಮ್ಮಲ್ಲಿ ಮೊದಲ ಹೆಣ್ಣುಮಗುವಿಗೆ ತಾಯಿಯ ತಾಯಿಯ ಹೆಸರು, ಎರಡನೆಯದಕ್ಕೆ ತಂದೆಯ ತಾಯಿಯ ಹೆಸರು. ಈ ಕೂಸು ಎರಡನೆಯದು. ತಂದೆಯ ತಾಯಿ ಆಬಿ. ಆಬಿ ಎನ್ನುವುದು ಕರೆಯುವ ಹೆಸರು, ಚರ್ಚಿನಲ್ಲಿ ಇಟ್ಟದ್ದು ಗೊಬ್ನಟ್. ಒಂದು ಕಾಲದಲ್ಲಿ ಶಾಲೆಯ ಅಂಗಳದಲ್ಲಿ ನಿಂತು ಗೊಬ್ನಟ್ ಎಂದು ಕೂಗಿದರೆ ಅರ್ಧ ಡಜನ್ ಹುಡುಗಿಯರು ತಿರುಗಿ ನೋಡುತ್ತಿದ್ದರು. ಈಗ ಊರಿಗೆಲ್ಲ ಉಳಿದಿರುವವಳು ಇವಳೊಬ್ಬಳೇ. ತಾಯಿಯ ಊರು, ತಾಯಿಯ ದಿನ, ಹಕ್ಕಿನ ಹೆಸರು, ಹೆಣ್ಣುಕೂಸು. ಇಷ್ಟೆಲ್ಲ ಒಟ್ಟಿಗೆ ಕೂಡಿಬರಬೇಕಾದರೆ ಪುಣ್ಯ ಮಾಡಿರಬೇಕು. ಕೂಡಿ ಬಂದಿತ್ತು. ಆಬಿ ಮಾತ್ರ ಬೇಡ ಎಂದು ಕುಳಿತಿದ್ದಳು.

ಸೊಸೆ ಲೀಶಾ ಡಬ್ಲಿನ್ನಿನವಳು. ಮದುವೆಯಾಗಿ ಬಂದ ಮೇಲೆ ನಮಗಿಂತ ಹೆಚ್ಚು ನಮ್ಮೂರಿನವಳಾಗಿಬಿಟ್ಟವಳು. ಕೂಸು ಹುಟ್ಟಿ ವಾರವಾಗಿತ್ತಷ್ಟೆ, ಅಡುಗೆಮನೆಯಲ್ಲಿ ಅದನ್ನು ಹೆಗಲಿಗೆ ಹಾಕಿಕೊಂಡು ಕುಣಿಯುವ ದನಿಯಲ್ಲಿ ವಿಷಯ ಎತ್ತಿದಳು. ಬಿಳಿಯ ಜಿಂಕೆ ಒಂಬತ್ತು ಕಂಡಲ್ಲಿ ನಿಲ್ಲು ಎಂದು ದೇವದೂತ ತಾಯಿಗೆ ಹೇಳಿದ್ದನಂತೆ. ಒಂದೂರಲ್ಲಿ ಮೂರು, ಇನ್ನೊಂದೂರಲ್ಲಿ ಆರು, ಕೊನೆಗೆ ಒಂಬತ್ತೂ ಸಿಕ್ಕಿದ್ದು ನಮ್ಮ ಗುಡ್ಡದ ಮೇಲೆ. ದನಗಳ್ಳರು ಬಂದಾಗ ಜೇನುಗೂಡು ಬಿಚ್ಚಿಬಿಟ್ಟು ಓಡಿಸಿದಳಂತೆ. ನಮ್ಮ ಐರಿಷ್ ಮಾತಿನಲ್ಲಿ ಆ ಹೆಸರಿನೊಳಗೆ ಕಮ್ಮಾರನೂ ಇದ್ದಾನೆ ಎನ್ನುತ್ತಾರೆ, ತಾಯಿ ಬಾಳಿದ ಮನೆಯ ನೆಲ ಅಗೆದಾಗ ಕುಲುಮೆಯ ಕಿಟ್ಟವೂ ಸಿಕ್ಕಿತು. ಬೆಂಕಿಯೂ ಜೇನೂ ಎರಡೂ ಇರುವ ಹೆಸರು ಇನ್ನೆಲ್ಲಿ ಸಿಗುತ್ತದೆ ಎಂದು ಲೀಶಾ ಹೇಳುತ್ತಲೇ ಇದ್ದಳು. ಇದೆಲ್ಲ ಆಬಿಗೆ ಹೊಸದೇ? ಹಾಲು ಕುಡಿಯುವಾಗಿನಿಂದ ಕೇಳಿದ್ದು. ಆಲೂಗಡ್ಡೆಯ ಸಿಪ್ಪೆ ತೆಗೆಯುತ್ತಿದ್ದವಳು ತಲೆ ಎತ್ತಲಿಲ್ಲ.

"ಕಮ್ಮಾರ ಬೇಕಾದ್ರೆ ಗಂಡು ಹುಟ್ಟಿದಾಗ ನೋಡ್ಕೋ. ಜೇನು ಅಂಗಡೀಲಿ ಸಿಗುತ್ತೆ" ಎಂದಳು. "ಆ ಹೆಸರು ಹೊತ್ಕೊಂಡು ನಾನು ಪಟ್ಟಿದ್ದು ಸಾಕು ಮಗಳೇ. ಅದು ನನ್ನ ಜತೆಗೇ ಮಣ್ಣಿಗೆ ಹೋಗ್ಲಿ."

ಪಟ್ಟದ್ದು ಸುಳ್ಳಲ್ಲ. ಇಪ್ಪತ್ತು ತುಂಬುವ ಮೊದಲೇ ಲಂಡನ್ನಿಗೆ ನರ್ಸಿಂಗ್ ಕಲಿಯಲು ಹೋದವಳು. ಇಂಗ್ಲಿಷರಲ್ಲಿ ಗಾಬ್ ಎಂದರೆ ಬಾಯಿ, ಅದೂ ಮುಚ್ಚು ಎಂದು ಬಯ್ಯುವಾಗಿನ ಬಾಯಿ. ಹೆಸರು ಕರೆದಾಗಲೆಲ್ಲ ವಾರ್ಡಿಗೆ ವಾರ್ಡೇ ನಗುತ್ತಿತ್ತು. ಕಾಲು ಮುರಿದು ಮಲಗಿದ ರೋಗಿಗಳೂ ಬೇಜಾರು ಕಳೆಯಲು ಸುಮ್ಮಸುಮ್ಮನೆ ಕೂಗುತ್ತಿದ್ದರು. ಒಂದು ಬೆಳಿಗ್ಗೆ ಅವಳು ಎದೆಯ ಮೇಲಿನ ಹೆಸರಿನ ಪಟ್ಟಿಯನ್ನು ಕಿತ್ತು, ಆಬಿ ಎಂದು ಬರೆಸಿಕೊಂಡು ಬಂದಳು. ಊರಿಗೆ ಮರಳಿದ ಮೇಲೂ ಆಬಿಯೇ. ಕಟ್ಟಿಕೊಂಡ ಗಂಡನೂ ಸಾಯುವವರೆಗೆ ಆಬಿ ಎಂದೇ ಕರೆದ. ಅವ್ವನೊಬ್ಬಳು ಗೊಬ್ನಟ್ ಎನ್ನುತ್ತಿದ್ದಳು, ಅವ್ವ ಹೋದ ಮೇಲೆ ಅದೂ ನಿಂತಿತು.

ಲೀಶಾ ವಾದಿಸಲಿಲ್ಲ. ಕೂಸಿನ ಬೆನ್ನು ತಟ್ಟುತ್ತ ಕಿಟಕಿಯ ಕಡೆ ತಿರುಗಿ ಕಣ್ಣೊರೆಸಿಕೊಂಡಳು. ಮಾರನೆಯ ದಿನ ಏವಾ ಎಂದು ನಿಶ್ಚಯಿಸಿದಳು. ಮುದ್ದಾದ ಹೆಸರೇ, ಇಲ್ಲವೆನ್ನುವುದಿಲ್ಲ. ಆದರೆ ಈಗ ಐರ್ಲೆಂಡಿನಲ್ಲಿ ಕಣ್ಣುಮುಚ್ಚಿ ಕಲ್ಲೆಸೆದರೆ ಒಬ್ಬ ಏವಾಳಿಗೇ ತಾಗುತ್ತದೆ. ಊರಿನವರು ಅಂಚೆಕಚೇರಿಯ ಮುಂದೆ, ಅಂಗಡಿಯ ಮುಂದೆ ಆಬಿಯನ್ನು ಹಿಡಿದು ನಿಲ್ಲಿಸಿ ಬುದ್ಧಿ ಹೇಳಿ ನೋಡಿದರು. ಅಷ್ಟು ಪ್ರೀತಿಯಿದ್ದರೆ ನಿಮ್ಮ ಮೊಮ್ಮಕ್ಕಳಿಗೆ ಯಾಕೆ ಇಡಲಿಲ್ಲ ಎಂದು ಅವಳು ಕೇಳಿದಳು. ಆ ಹೆಸರು ನಮಗೆಲ್ಲ ಇಷ್ಟವೇ, ಬೇರೆಯವರ ಮಗುವಿಗಾದರೆ.

ಸಾಲು ಕರಗಿ ಈಗ ಆಬಿಯ ಸರದಿ ಬಂತು. ನೀಲಿ ರಿಬ್ಬನ್ನು ಇಟ್ಟಳು, ಡೊನಹಾ ಎಂದಳು. ಬಿಳಿಯದು ಇಟ್ಟಳು, ಬ್ರೀಡ್ ಎಂದಳು. ಹಳದಿಯದನ್ನು ನೆತ್ತಿಗೆ ಹಿಡಿದಾಗ ಕೈ ಒಂದು ಗಳಿಗೆ ನಿಂತಿತು. ಇದೇ ಕಪ್ಪು ಮರದ ಮುಂದೆ ಅವ್ವ ಪ್ರತಿವರ್ಷ ಮೊದಲ ರಿಬ್ಬನ್ನು ಅಳೆಯುತ್ತಿದ್ದದ್ದು ಇವಳಿಗಾಗಿ. ಅವ್ವನ ಒರಟು ಹೆಬ್ಬೆರಳು ಹೀಗೆಯೇ ರಿಬ್ಬನ್ನನ್ನು ಪಾದದವರೆಗೆ ಸವರುತ್ತಿತ್ತು, ಬಾಯಿ ಆ ಹೆಸರು ಹೇಳುತ್ತಿತ್ತು. ಆಬಿಯ ಹೆಬ್ಬೆರಳು ಪಾದ ಮುಟ್ಟಿತು.

"ಗೊಬ್ನಟ್" ಎಂದಳು.

ಮೆಲ್ಲಗಲ್ಲ. ಹಿಂದೆ ನಿಂತವಳಿಗೆ ಕೇಳುವಷ್ಟು ಗಟ್ಟಿಯಾಗಿಯೇ ಹೇಳಿದಳು. ಹೇಳಿದ ಕೂಡಲೇ ಕೆನ್ನೆ ಕೆಂಪಾಯಿತು, ಸರಸರನೆ ಸುತ್ತು ಮುಗಿಸಿ ರಿಬ್ಬನ್ನು ಮುದುಡಿ ಪಕ್ಕಕ್ಕೆ ಸರಿದಳು. ಹಿಂದೆ ನಿಂತವಳು ಬೇರೆ ಯಾರಾದರೂ ಆಗಿದ್ದರೆ ಆಗುತ್ತಿತ್ತು. ಪೆಗ್ ಅವಳೊಂದಿಗೆ ಒಂದೇ ಬೆಂಚಿನಲ್ಲಿ ಕುಳಿತು ಓದಿದವಳು, ಕಿವಿ ಇನ್ನೂ ಬೆಕ್ಕಿನದು. ತನ್ನ ರಿಬ್ಬನ್ನುಗಳನ್ನು ಅಳೆಯುವುದನ್ನೂ ಬಿಟ್ಟು ಅವಳ ತೋಳು ಹಿಡಿದಳು.

"ಏನಂದೆ ಈಗ?"

ತಾಯಿಯ ಹೆಸರು ಹೇಳಿ ಬೇಡಿಕೊಂಡೆ ಎಂದು ಆಬಿ ಜಾರಿಕೊಳ್ಳಲು ನೋಡಿದಳು.

"ತಾಯಿಗೆ ಅವಳ ಹೆಸರನ್ನ ಅವಳಿಗೇ ನೆನಪು ಮಾಡ್ತಿದ್ಯಾ? ನನ್ನ ಕಿವೀಗೆ ಹೂವಿಡ್ಬೇಡ. ಗೊಬ್ನಟ್ ಅಂದು ಅಳೆದ್ಮೇಲೆ ಅದು ಗೊಬ್ನಟ್‌ದೇ. ಊರಿಗೆ ಇರೋಳು ನೀನೊಬ್ಳು. ನಿನಗೇ ಅಳ್ಕೊಂಡ್ಯಾ ಹಾಗಾದ್ರೆ?"

ಹೂಂ ಎಂದಿದ್ದರೆ ಮುಗಿದುಹೋಗುತ್ತಿತ್ತು. ಎಪ್ಪತ್ತರ ಮುದುಕಿ ತನ್ನ ಮಂಡಿನೋವಿಗೆ ಒಂದು ರಿಬ್ಬನ್ನು ಅಳೆದುಕೊಂಡರೆ ತಪ್ಪೇನು?

"ಅಲ್ಲ" ಎಂದಳು ಆಬಿ. ರಿಬ್ಬನ್ನನ್ನು ಕೋಟಿನ ಜೇಬಿಗೆ ತುರುಕಿ, ಜನರ ನಡುವೆ ದಾರಿ ಮಾಡಿಕೊಂಡು ಹೊರಗೆ ನಡೆದುಬಿಟ್ಟಳು.

ಹೊರಗೆ ಎಳೆಬಿಸಿಲು ಬಿದ್ದಿತ್ತು. ಮನೆಯ ಹಾದಿಯನ್ನು ಅವಳು ಹುಡುಗಿಯಂತೆ ಬಿರಬಿರನೆ ನಡೆದಳು. ಸಿಟ್ಟಿಗಲ್ಲ. ಖುಷಿಗೆ. ಆ ಹೆಸರು ಬಾಯಿಂದ ಹೊರಬಿದ್ದಾಗ ಅಷ್ಟು ಚೆನ್ನಾಗಿ ಕೇಳಿಸಿತು ಎಂದು ಅವಳಿಗೆ ನಂಬಲಾಗುತ್ತಿರಲಿಲ್ಲ. ತನ್ನನ್ನು ಯಾರೋ ಕೂಗಿದಾಗ ಚುಚ್ಚುತ್ತಿದ್ದ ಅದೇ ಹೆಸರು, ಒಂದು ಕೂಸಿಗಾಗಿ ತಾನೇ ಹೇಳಿದಾಗ ಬೇರೆಯದೇ ಆಗಿತ್ತು. ತೋಟದ ಮೂಲೆಯ ಜೇನುಪೆಟ್ಟಿಗೆಯ ಹತ್ತಿರ ನಿಂತಳು. ಬಿಸಿಲು ಕಂಡು ನಾಲ್ಕಾರು ನೊಣಗಳು ಬಾಗಿಲಿಗೆ ಬಂದಿದ್ದವು. ಮನೆಯಲ್ಲಿ ಹುಟ್ಟಿದ್ದು ಸತ್ತದ್ದು ಜೇನಿಗೆ ಹೇಳುವುದು ವಾಡಿಕೆ. ಹೆಣ್ಣಾಗಿದೆ ಎಂದು ಕೂಸು ಹುಟ್ಟಿದ ದಿನವೇ ಹೇಳಿಹೋಗಿದ್ದಳು, ಹೆಸರು ಹೇಳಿರಲಿಲ್ಲ. ಈಗ ಬೆರಳಗಂಟಿನಿಂದ ಪೆಟ್ಟಿಗೆ ತಟ್ಟಿ ಹೇಳಿದಳು. ಜೇನಿಗೆ ಹೇಳುವುದು ಸುಲಭ. ಲೀಶಾಳಿಗೆ ಹೇಳಬೇಕಲ್ಲ, ಅದು ಬೆಟ್ಟ ಹತ್ತಿದ ಹಾಗೆ.

ಅಡುಗೆಮನೆಯ ಮೇಜಿನ ಮೇಲೆ ಹತ್ತಿರದ ಪೇಟೆ ಮಕ್ರೂಮಿನ ಬೇಕರಿಯಿಂದ ತಂದ ಕೇಕು ಕೂತಿತ್ತು. ಬಿಳಿಯ ಸಕ್ಕರೆಯ ಮೇಲೆ ಗುಲಾಬಿ ಸಕ್ಕರೆಯಲ್ಲಿ ಏವಾ ಎಂದು ಬರೆದು ಸುತ್ತ ಹೂಬಳ್ಳಿ ಬಿಡಿಸಿದ್ದರು. ಅದನ್ನು ಕಂಡದ್ದೇ ಆಬಿಯ ಧೈರ್ಯ ಅರ್ಧಕ್ಕಿಳಿಯಿತು. ಲೀಶಾ ಕೂಸಿಗೆ ಉದ್ದನೆಯ ಬಿಳಿ ಅಂಗಿ ತೊಡಿಸುತ್ತಿದ್ದಳು. ಪಕ್ಕದಲ್ಲಿದ್ದ ಫೋನು ಬಡಿದುಕೊಳ್ಳುತ್ತಲೇ ಇತ್ತು. ಪೆಗ್ ನಾಲ್ಕು ಮನೆಗೆ ಹೇಳಿದ್ದಳು, ನಾಲ್ಕೂ ಮನೆಯವರು ಲೀಶಾಳಿಗೆ ಹೇಳಿ ಆಗಿತ್ತು. ಆದರೂ ಅವಳು ಅತ್ತೆಯನ್ನು ಕೇಳಲಿಲ್ಲ. ಒಮ್ಮೆ ಕೇಳಿ ನೋವು ಮಾಡಿದ್ದೇನೆ, ಮತ್ತೆ ಹೇಗೆ ಕೇಳಲಿ ಎಂದು ಅವಳು. ಊರಿಗೆಲ್ಲ ಕೇಳುವಂತೆ ಬೇಡ ಎಂದವಳು ಈಗ ಬೇಕು ಎಂದು ಯಾವ ಮುಖದಲ್ಲಿ ಹೇಳಲಿ ಎಂದು ಇವಳು. ಒಬ್ಬರ ಮುಖ ಒಬ್ಬರು ಕದ್ದು ನೋಡುತ್ತಾರೆ, ಟೀ ಬೇಕಾ ಎನ್ನುತ್ತಾರೆ, ಬೇಡ ಎನ್ನುತ್ತಾರೆ. ನಾವು ಅಲ್ಲಿದ್ದಿದ್ದರೆ ಇಬ್ಬರ ತಲೆಯನ್ನೂ ಹಿಡಿದು ಒಂದಕ್ಕೊಂದು ಕುಟ್ಟಬೇಕೆನಿಸುತ್ತಿತ್ತು. ಡೊನಹಾ ಪುಣ್ಯಾತ್ಮನಿಗೆ ಇದ್ಯಾವುದರ ಗಾಳಿಯೂ ಇಲ್ಲ. ಕರಿಯ ಕಾಲುಚೀಲದ ಜೋಡಿ ಸಿಗುತ್ತಿಲ್ಲ ಎಂದು ಮನೆಯೆಲ್ಲ ಹುಡುಕುತ್ತಿದ್ದ.

ಸಾಮಾನ್ಯವಾಗಿ ಜ್ಞಾನಸ್ನಾನಕ್ಕೆ ಬರುವವರು ಮನೆಮಂದಿ, ಹೆಚ್ಚೆಂದರೆ ಎರಡು ಬೆಂಚು. ಅಂದು ಮೂರು ಗಂಟೆಗೆ ಚರ್ಚು ಬೆಳಗಿನ ಹಾಗೆಯೇ ತುಂಬಿತ್ತು. ಊಟಕ್ಕೆಂದು ಹೋದವರೆಲ್ಲ ವಾಪಸು ಬಂದಿದ್ದರು. ಕೇಳಿದರೆ ಒಬ್ಬ ಕೊಡೆ ಮರೆತೆ ಎಂದ, ಇನ್ನೊಬ್ಬಳು ಮೇಣದಬತ್ತಿ ಹಚ್ಚಬೇಕು ಎಂದಳು. ಪೆಗ್ ಯಾವ ನೆಪವನ್ನೂ ಹೇಳದೆ ನೀರಿನ ತೊಟ್ಟಿಯ ಪಕ್ಕದಲ್ಲೇ ಕುಳಿತಿದ್ದಳು. ಫಾದರ್ ಕ್ರೀಡನ್ ಈ ಊರಿಗೆ ಬಂದು ತಲೆಗೂದಲು ಬೆಳ್ಳಗಾಗಿದೆ. ತಾಯಿಯ ಊರಿನಲ್ಲಿದ್ದೂ ಒಂದು ಕೂಸಿನ ನೆತ್ತಿಯ ಮೇಲೆ ಆ ಹೆಸರು ಹೇಳಿ ನೀರು ಹೊಯ್ಯುವ ಭಾಗ್ಯ ಅವರಿಗೆ ಸಿಕ್ಕಿರಲಿಲ್ಲ. ಸುದ್ದಿ ಅವರ ಕಿವಿಗೂ ಬಿದ್ದಿರಬೇಕು, ಪುಸ್ತಕ ತೆರೆದವರು ಆಬಿಯ ಕಡೆಗೊಮ್ಮೆ ನೋಡಿದರು.

"ಈ ಮಗುವಿಗೆ ಏನು ಹೆಸರಿಡ್ತೀರಿ?" ಎಂದು ಕೇಳಿದರು.

ಲೀಶಾ ಫಾದರ್ ಕಡೆ ನೋಡಲಿಲ್ಲ. ಅತ್ತೆಯ ಕಡೆ ತಿರುಗಿ ನಿಂತಳು. ಚರ್ಚಿನಲ್ಲಿ ಕೆಮ್ಮುವವರೂ ಕೆಮ್ಮನ್ನು ನುಂಗಿಕೊಂಡರು. ಆಬಿ ಮಧ್ಯಾಹ್ನವೆಲ್ಲ ಮನಸ್ಸಿನಲ್ಲೇ ಒಂದು ಮಾತು ಕಟ್ಟಿಟ್ಟುಕೊಂಡಿದ್ದಳು. ಅದರಲ್ಲಿ ಲಂಡನ್ನೂ ಬರುತ್ತಿತ್ತು, ಅವ್ವನೂ ಬರುತ್ತಿದ್ದಳು, ಕ್ಷಮಿಸು ಎನ್ನುವುದೂ ಇತ್ತು. ಈಗ ಅದರಲ್ಲಿ ಒಂದಕ್ಷರವೂ ನೆನಪಾಗಲಿಲ್ಲ. ಜೇಬಿನಿಂದ ಹಳದಿ ರಿಬ್ಬನ್ನು ತೆಗೆದಳು. ಮುಂದೆ ಬಂದು ಕೂಸಿನ ಮುಂಗೈಗೆ ಸುತ್ತಿ ಕಟ್ಟಲು ಹೋದಳು. ಅಷ್ಟು ಸಣ್ಣ ಕೈಗೆ ಗಂಟು ಬಿಗಿಯಾಗಿ ಬೀಳಲೊಲ್ಲದು.

"ಇದು ಇವಳದು" ಎಂದಳು. "ಇವಳ ಹೆಸರು ಹೇಳೇ ಅಳೆದದ್ದು."

"ಯಾವ ಹೆಸರಮ್ಮಾ?" ಎಂದಳು ಲೀಶಾ. ಅವಳಿಗೆ ಗೊತ್ತಿತ್ತು. ಆ ಬಾಯಿಂದಲೇ ಕೇಳಬೇಕಿತ್ತು ಅವಳಿಗೆ.

"ನನ್ನದು."

ಲೀಶಾ ಕಣ್ಣು ತುಂಬಿಕೊಂಡೇ ನಕ್ಕಳು. ಆಮೇಲೆ ಫಾದರ್ ಕಡೆ ತಿರುಗಿ, ಕೊನೆಯ ಬೆಂಚಿನವರಿಗೂ ಕೇಳುವಂತೆ, "ಗೊಬ್ನಟ್" ಎಂದಳು. ಡೊನಹಾ ಹೆಂಡತಿಯನ್ನೊಮ್ಮೆ, ತಾಯಿಯನ್ನೊಮ್ಮೆ ನೋಡಿ, ಹೌದು ಹೌದು ಎಂದು ತಲೆಯಾಡಿಸಿದ. ಫಾದರ್ ಆ ಹೆಸರನ್ನು ಬೇಕೆಂದೇ ಎರಡು ಸಲ ಹೇಳಿದರು. ತಣ್ಣೀರು ನೆತ್ತಿಗೆ ಬಿದ್ದದ್ದೇ ಕೂಸು ಚಾವಣಿ ಹಾರುವಂತೆ ಕಿರುಚಿತು. ನಮ್ಮ ಚರ್ಚಿನಲ್ಲಿ ಚಪ್ಪಾಳೆ ಹೊಡೆಯುವ ಪದ್ಧತಿಯಿಲ್ಲ. ಯಾರೋ ಒಬ್ಬರು ಹೊಡೆದರು, ಆಮೇಲೆ ಎಲ್ಲರೂ ಹೊಡೆದರು.

ಕೇಕಿನ ಗತಿ ಏನು ಎಂದು ಡೊನಹಾಗೆ ಹೊಳೆದದ್ದು ಬಾಗಿಲು ದಾಟಿದ ಮೇಲೆ. ಹೆಸರನ್ನು ಚಾಕುವಿನಿಂದ ಹೆರೆದು ತಾನೇ ತಿಂದುಬಿಡುವುದಾಗಿ ಬ್ರೀಡ್ ಹೇಳಿದಳು. ಅಂಗಳದಲ್ಲಿ ಜನ ಲೀಶಾಳನ್ನು ಮುತ್ತಿಕೊಂಡಿದ್ದರು, ಮುದುಕರೂ ಕೂಸಿನ ಮುಖ ನೋಡಲು ಹಿಮ್ಮಡಿ ಎತ್ತಿ ನಿಂತಿದ್ದರು. ಆಬಿ ಮಾತ್ರ ಸ್ವಲ್ಪ ಆಚೆ, ಗೋಡೆಯ ಹತ್ತಿರ, ಬೆನ್ನು ಮಾಡಿ ನಿಂತು ಮೂಗೊರೆಸಿಕೊಳ್ಳುತ್ತಿದ್ದಳು. ಪೆಗ್ ಜನರನ್ನು ಸೀಳಿಕೊಂಡು ನಡುವೆ ನುಗ್ಗಿದಳು.

"ಗೊಬ್ನಟ್, ಇಲ್ನೋಡೇ ಇಲ್ಲಿ" ಎಂದು ಗಟ್ಟಿಯಾಗಿ ಕರೆದಳು.

ಗೋಡೆಯ ಹತ್ತಿರದಿಂದ ಆಬಿ ತಟ್ಟನೆ ತಿರುಗಿದಳು. "ಏನೇ?"

"ನಿನ್ನನ್ನಲ್ಲ ಕಣೇ ಮುದುಕಿ" ಎಂದಳು ಪೆಗ್, "ಇವಳನ್ನ."

ಅಂಗಳದಲ್ಲಿ ನಗು ಎದ್ದಿತು. ಆಬಿಯೂ ನಗುತ್ತ ಹತ್ತಿರ ಬಂದಳು. ಅತ್ತು ಸುಸ್ತಾದ ಕೂಸು ತಾಯಿಯ ತೋಳಿನಲ್ಲಿ ಕಣ್ಣು ಬಿಟ್ಟುಕೊಂಡು ಮಲಗಿತ್ತು. ಕೈಗೆ ಕಟ್ಟಿದ್ದ ಗಂಟು ಆಗಲೇ ಬಿಚ್ಚಿಕೊಂಡಿತ್ತು. ಹಳದಿ ರಿಬ್ಬನ್ನಿನ ತುದಿಯನ್ನು ಅದು ಬಾಯಿಗಿಟ್ಟು ಚೀಪುತ್ತಿತ್ತು.