ಹುಟ್ಟದ ಕರುವಿನ ಗಿಣ್ಣು

ಪಾಯಸದ ವಿಷಯದಲ್ಲಿ ನನ್ನ ನಾಲಿಗೆ ಎರಡು ಸಲ ಕೆಟ್ಟಿತು. ಮೊದಲನೆಯದು ಎಪ್ಪತ್ತೆಂಟನೇ ಇಸವಿಯ ಗೌರಿಹಬ್ಬದಲ್ಲಿ, ಅಜ್ಜಂಪುರದ ಮಾವನ ಮನೆಯ ಪಂಕ್ತಿಯಲ್ಲಿ. ಅತ್ತೆ ಹನುಮಂತಮ್ಮ ತಾವೇ ಸೌಟು ಹಿಡಿದು ಅಕ್ಕಿ ಪಾಯಸ ಬಡಿಸುತ್ತಿದ್ದರು. ಪಾಯಸ ಸ್ವಲ್ಪ ತೆಳ್ಳಗಿತ್ತು. ಅಷ್ಟು ಎಲೆಗೆ ಬಡಿಸುವ ಪಾಯಸ ತೆಳ್ಳಗಿರದೆ ಇನ್ನೇನು? ಆದರೆ ಪಕ್ಕದ ಎಲೆಯಲ್ಲಿ ನನ್ನ ಷಡ್ಡಕ ಕೂತಿದ್ದ, ಅವನನ್ನು ನಗಿಸಬೇಕೆನಿಸಿತು.

"ಅತ್ತೆ, ಇದ್ರಾಗೆ ಅಕ್ಕಿ ಹುಡುಕ್ಬೇಕು ಅಂದ್ರೆ ಪಾತಾಳಗರಡಿ ಬಿಡ್ಬೇಕಾಯ್ತದೆ," ಅಂದೆ.

ಬಾವಿಗೆ ಬಿದ್ದ ಬಿಂದಿಗೆ ಎತ್ತುವ ಆ ಕೊಕ್ಕೆಗಳ ಗೊಂಚಲನ್ನು ನೆನೆದು ಸಾಲಿಗೆ ಸಾಲೇ ನಕ್ಕಿತು. ಅತ್ತೆ ನಗಲಿಲ್ಲ.

"ಅಂಥಾ ಗಟ್ಟಿ ಪಾಯಸ ನೀವೇ ಕೈಯಾರೆ ಮಾಡಿ ಕರೀರಿ ಅಳಿಯಂದ್ರೇ, ಬತ್ತೀನಿ. ಅಲ್ಲೀಗಂಟ ನಿಮ್ಮ ಹೊಸ್ಲು ತುಳಿಯಾಕಿಲ್ಲ."

ಹಾಗೇ ನಡೆದುಕೊಂಡರು. ಕಡೂರು ಸಂತೆಗೆ ಬಂದರೂ ನಮ್ಮೂರಿನ ಬಸ್ಸು ಹತ್ತದೆ ರೈಲಿನಲ್ಲಿ ಹಿಂದಿರುಗಿಬಿಡುತ್ತಿದ್ದರು. ನನ್ನ ಹೆಂಡತಿ ಸಾವಿತ್ರಿ ಜಗಳವಾಡಲಿಲ್ಲ. ಆಡಿದ್ದರೆ ನಾನು ಗೆಲ್ಲಬಹುದಿತ್ತು. ಊಟಕ್ಕೆ ಬಡಿಸುವಾಗ "ಸಾಕಾ?" ಎಂದು ಕೇಳಿ, ಉತ್ತರಕ್ಕೆ ಕಾಯದೆ ಒಳಗೆ ಹೋಗುತ್ತಿದ್ದಳು. ಉದ್ದದ ಮಾತೆಲ್ಲ ತವರಿನಿಂದ ಬಳುವಳಿಯಾಗಿ ಬಂದ ಹಸು ಕೆಂಚಿಯ ಹತ್ತಿರ. ಕೆಂಚಿ ಗಬ್ಬವಾಗಿ, ಹಾಲು ಬತ್ತಿ, ಹೊಟ್ಟೆ ಇಳಿಬಿದ್ದ ಒಂದು ಸಂಜೆ, "ನಿನ್ನ ಬಾಣಂತನಕ್ಕಾದ್ರೂ ಅವ್ವ ಬತ್ತಾಳೇನೋ ನೋಡಾನ," ಎಂದು ಅವಳು ಹಸುವಿನ ಕಿವಿಯಲ್ಲಿ ಹೇಳಿದ್ದು ನನಗೆ ಕೇಳಿಸಿತು.

ಆಗ ನಾಲಿಗೆ ಎರಡನೆಯ ಸಲ ಕೆಟ್ಟಿತು. ಅಜ್ಜಂಪುರಕ್ಕೆ ಹೊರಟಿದ್ದ ನಮ್ಮ ಬೀದಿಯ ರಂಗಯ್ಯನ ಹತ್ತಿರ, "ಸೋಮವಾರ ನಾನೇ ಪಾಯಸ ಮಾಡ್ತೀನಿ, ಅತ್ತೇರು ಬರ್ಬೇಕಂತೆ ಅಂತ ಹೇಳು," ಎಂದು ಹೇಳಿಕಳಿಸಿದೆ. ಮಾಡುವವಳು ಸಾವಿತ್ರಿ, ಹೆಸರು ನನಗೆ. ನಮ್ಮ ತೆಂಗಿನ ತೋಟ ನಡೆಯುತ್ತಿದ್ದುದೂ ಇದೇ ಕ್ರಮದಲ್ಲಿ.

ಸೋಮವಾರ ಬೆಳಗ್ಗೆ ಸಾವಿತ್ರಿ ಹೊರಗಾದಳು. ಹೊರಗಾದ ಹೆಂಗಸು ಮೂರು ದಿನ ಅಡುಗೆಮನೆಯೊಳಗೆ ಕಾಲಿಡುವಂತಿರಲಿಲ್ಲ. ಹಿತ್ತಿಲ ಬಾಗಿಲಾಚೆ ಚಾಪೆ ಹಾಕಿ ಕೂತಳು.

"ಪಕ್ಕದ್ಮನೆ ಉಚ್ಚಂಗಮ್ಮನ್ನ ಕರೀಲಾ?" ಎಂದೆ.

"ಕರೀರಿ. ಸಂಜೆ ಹೊತ್ಗೆ ಊರಿಗೆಲ್ಲ ಗೊತ್ತಾಯ್ತದೆ. ಮೊದ್ಲು ಗೊತ್ತಾಗಾದು ಅವ್ವಂಗೆ."

ಹಾಗಾಗಿ ಉಚ್ಚಂಗಮ್ಮನ ಮನೆಯಿಂದ ಎಮ್ಮೆ ಹಾಲು ಮಾತ್ರ ಬಂತು, ಯಾಕೆಂದು ಹೇಳದೆ. ಮಿಕ್ಕದ್ದೆಲ್ಲ ಗೋಡೆಯಾಚೆಯಿಂದ ಬಂದ ಅಪ್ಪಣೆ.

"ಅಕ್ಕಿ ತೊಳದ್ರಾ?"

"ತೊಳದು ತುಪ್ಪಕ್ಕೂ ಹಾಕ್ದೆ. ಮುಖಕ್ಕೆಲ್ಲ ಸಿಡೀತಾ ಐತಲ್ಲೇ!"

"ನೀರು ಬಸೀಲಿಲ್ವಾ?"

"ಅದನ್ನ ನೀನು ಹೇಳ್ಲಿಲ್ಲ."

"ಪಂಚೆ ಉಟ್ಕಳಿ ಅಂತಾನೂ ಹೇಳಿರ್ಲಿಲ್ಲ. ಉಟ್ಟಿದೀರಿ ತಾನೆ?"

ಹಾಲಿನಲ್ಲಿ ಅಕ್ಕಿ ನಿಧಾನವಾಗಿ ಬೆಂದಿತು. ಗಸಗಸೆ, ಕಾಯಿತುರಿ ರುಬ್ಬಿ ಹಾಕಿದೆ. ಏಲಕ್ಕಿ, ಲವಂಗ ಕುಟ್ಟಿ ಹಾಕಿದೆ. ಹೊಗೆಗೆ ಕಣ್ಣಲ್ಲಿ ನೀರು, ಆದರೂ ಪಾಯಸ ಕೆನೆಗಟ್ಟಿ ಮಂದವಾಗುತ್ತ ಬಂದಂತೆ ನನ್ನ ಎದೆಯೂ ಉಬ್ಬುತ್ತ ಬಂತು.

"ಸಾವಿತ್ರಿ, ಸೌಟು ನೆಟ್ಟಗೆ ನಿಂತೈತೆ ಕಣೇ!"

"ನೀವೂ ಹಂಗೇ ನಿಂತ್ಕಬ್ಯಾಡಿ, ತಿರುವಿ. ಬೆಲ್ಲ ಈಗ್ಲೇ ಹಾಕ್ಬ್ಯಾಡಿ ಮತ್ತೆ. ಇಳಿಸಿ, ಬೆರಳು ಇಕ್ಕಂಗೆ ಆರಿದ್ ಮ್ಯಾಲೆ."

ಅಷ್ಟರಲ್ಲಿ ತಿರುವಿನಲ್ಲಿ ಬಸ್ಸಿನ ಹಾರನ್ನು ಕೇಳಿಸಿತು. ಆರುವುದಕ್ಕೆ ಎಲ್ಲಿದೆ ಹೊತ್ತು? ಬಿಸಿಯಲ್ಲಿ ಬೆಲ್ಲ ಬೇಗ ಕರಗುತ್ತದೆ ಎಂಬುದನ್ನು ನನ್ನಂಥ ಬುದ್ಧಿವಂತನಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಕುದಿಯುವ ಪಾಯಸಕ್ಕೆ ಬೆಲ್ಲವನ್ನೆಲ್ಲ ಒಟ್ಟಿಗೆ ಸುರಿದೆ. ಬೆಲ್ಲ ಬೇಗನೇ ಕರಗಿತು. ಹಾಲು ಅದಕ್ಕಿಂತ ಬೇಗ ಒಡೆಯಿತು. ಕಂದು ನೀರು ಒಂದು ಕಡೆ, ಗಂಟು ಒಂದು ಕಡೆ.

"ಯಾಕೆ ಸದ್ದಿಲ್ಲ?" ಸಾವಿತ್ರಿ ಕೇಳಿದಳು. ಆಮೇಲೆ ತಾನೇ, "ಹಾಕ್ಬಿಟ್ರು," ಎಂದು ಗೋಡೆಗೆ ಹೇಳಿದಳು.

ಅತ್ತೆ ಕೈಚೀಲ ಹಿಡಿದು ಹೊಸಲಿನಾಚೆ ಜಗಲಿಯ ಮೇಲೇ ನಿಂತಿದ್ದರು. ನಾನು ಮಸಿ ಮುಖದಲ್ಲಿ, ಸೌಟು ಹಿಡಿದೇ ಹೊರಬಂದೆ.

"ಆಯ್ತಾ ಪಾಯಸ? ಸಂಜೆ ಬಸ್ಸಿಗೆ ನಾನು ಹೋಗ್ಬೇಕು."

ಇಲ್ಲ ಎಂದರೆ ಅವರು ಅಲ್ಲಿಂದಲೇ ತಿರುಗುತ್ತಾರೆ. ಸಾವಿತ್ರಿ ಹಿತ್ತಿಲಲ್ಲಿ ಕಿವಿಗೊಟ್ಟು ಕೂತಿದ್ದಾಳೆ. ನಾನು ಸೌಟು ನೋಡಿದೆ. ಕಂದು ಗಂಟು, ಬೆಲ್ಲ, ಏಲಕ್ಕಿಯ ಘಮ. ಇದನ್ನು ನಾನು ಬೇರೆಲ್ಲೋ ಕಂಡಿದ್ದೇನೆ. ಹೊಸದಾಗಿ ಈದ ಹಸುವಿನ ಹಾಲು ಕಾಸಿದರೆ ಹೀಗೇ ಅಲ್ಲವೇ ಇರುವುದು?

"ಪಾಯಸ ಅಲ್ಲ ಅತ್ತೆ, ಗಿಣ್ಣು ಮಾಡಿದೀನಿ," ಅಂದೆ.

ಅತ್ತೆಯ ಮುಖವೇ ಬದಲಾಯಿತು. "ಕೆಂಚಿ ಈದ್ಲಾ? ನನ್ನ ಕೆಂಚಿ? ಯಾವ್ ಕರು?"

"ಹೆಣ್ಣು. ಹಣೇಲಿ ಬಿಳೀ ಚುಕ್ಕೆ."

ಚುಕ್ಕೆಯನ್ನು ಯಾರೂ ಕೇಳಿರಲಿಲ್ಲ.

ಅತ್ತೆ ಶಪಥ, ಹೊಸಲು ಎರಡನ್ನೂ ದಾಟಿ ನೆಟ್ಟಗೆ ಕೊಟ್ಟಿಗೆಗೆ ನುಗ್ಗಿದರು. ಹಿತ್ತಿಲಿಂದ, "ಅಯ್ಯೋ ದ್ಯಾವ್ರೇ," ಎಂಬ ದನಿ ಬಂತು. ಕೆಂಚಿ ನಗಾರಿಯಂಥ ಹೊಟ್ಟೆ ಹೊತ್ತು, ಮೆಲುಕು ಹಾಕುತ್ತ ನನ್ನನ್ನೇ ನೋಡಿತು. ಅತ್ತೆ ಅದರ ಹೊಟ್ಟೆ ಸವರಿದರು. ಹುಲ್ಲು ಸರಿಸಿ ಮೂಲೆ ಮೂಲೆ ನೋಡಿದರು.

"ಚುಕ್ಕೆ ಕರು ಎಲ್ಲೈತೆ ಅಳಿಯಂದ್ರೇ?"

"ಒಳಗೈತೆ ಅತ್ತೆ."

"ಯಾತ್ರೊಳಗೆ?"

"ಕೆಂಚಿಯೊಳಗೆ."

ಅವರು ಗೋದಲಿಯ ಕಟ್ಟೆ ಹಿಡಿದು ಕೂತುಬಿಟ್ಟರು. ಸೆರಗು ಬಾಯಿಗೆ ಹೋಯಿತು. ಅತ್ತರೇನೋ ಎಂದು ನಾನು ಹೆದರಿದೆ. ಭುಜ ಕುಲುಕತೊಡಗಿದ ಮೇಲೆ ನಗು ಎಂದು ತಿಳಿಯಿತು.

"ಸುಳ್ಳು ಹೇಳಿ ಹೊಸ್ಲು ತುಳಿಸ್ಬಿಟ್ರಲ್ಲಪ್ಪ!"

"ಗಟ್ಟಿಯಾಗೇ ಮಾಡಿದ್ದೆ ಅತ್ತೆ. ಸೌಟು ನಿಂತಿತ್ತು."

"ಈಗ?"

"ಈಗ ಈಜ್ತಾ ಐತೆ."

ಅತ್ತೆ ಒಳಗೆ ಬಂದು ಬೆರಳದ್ದಿ ರುಚಿ ನೋಡಿದರು. ಮೇಲಿನ ನೀರು ಬಸಿದು, ಎರಡು ಚಮಚ ತುಪ್ಪ ಬಿಟ್ಟು ತಿರುವಿದರು. ಅಷ್ಟೊತ್ತಿಗೆ ಉಚ್ಚಂಗಮ್ಮ ಹಾಲಿನ ಚೊಂಬು ಕೇಳಿಕೊಂಡು ಬಂದಳು. ಅತ್ತೆ ಅವಳ ಕೈಗೊಂದು ಬಟ್ಟಲಿಟ್ಟರು.

"ತಗಳವ್ವ, ನಮ್ಮ ಅಳಿಯಂದ್ರು ಮಾಡಿರೋ ಗಿಣ್ಣು."

"ಗಿಣ್ಣಾಗೆ ಅಕ್ಕಿ ಐತಲ್ಲ ಹನುಮಂತಮ್ಮಾರೇ?"

"ಈ ಮನೇಲಿ ಅಕ್ಕಿ ಕೈಗೇ ಸಿಗ್ತದೆ ಕಣವ್ವ. ಪಾತಾಳಗರಡಿ ಬ್ಯಾಡ."

ಹಿತ್ತಿಲ ಬಾಗಿಲಲ್ಲಿ ಮಗಳ ಬಟ್ಟಲಿಗೆ ಮೇಲಿನಿಂದಲೇ ಬಡಿಸಿ, ಅತ್ತೆ ಅಲ್ಲೇ ಹೊಸಲ ಮೇಲೆ ಕೂತರು. ತಾಯಿ ಮಗಳು ನನ್ನ ಹೆಸರೆತ್ತದೆ ನನ್ನ ಬಗ್ಗೆಯೇ ಮಾತಾಡಿ ನಕ್ಕರು. ಸಂಜೆ ಬಸ್ಸು ಹಾರನ್ನು ಹೊಡೆದುಕೊಂಡು ಹೋಯಿತು.

"ಬಸ್ಸು ಹೋಯ್ತು ಕಣವ್ವ," ಎಂದಳು ಸಾವಿತ್ರಿ.

"ಹೋಗ್ಲಿ ಬಿಡು. ಆ ಚುಕ್ಕೆ ನೋಡ್ದೆ ನಾನು ಹೋಗಾಕಿಲ್ಲ."

ಕೆಂಚಿ ಅದೇ ವಾರ ಈದಿತು. ಹೋರಿಗರು. ಮೈಯಲ್ಲಿ ಎಳ್ಳಷ್ಟೂ ಬಿಳಿಯಿಲ್ಲ. ಅತ್ತೆ ನಿಜವಾದ ಗಿಣ್ಣು ಮಾಡಿದರು. ಸಾವಿತ್ರಿ ನನ್ನ ತಟ್ಟೆಗೆ ಹಾಕಲು ಬಂದಾಗ ಒಲೆಯ ಹತ್ತಿರದಿಂದ ದನಿ ಬಂತು: "ಅವ್ರಿಗೆ ಪಾಯಸ ಅಂತ ಹೇಳಿ ಬಡಿಸವ್ವ, ಅಭ್ಯಾಸ."

ನಾನು ತಲೆತಗ್ಗಿಸಿ ತಿಂದೆ.

"ಸಾಕಾ?" ಎಂದು ಕೇಳಿದಳು ಸಾವಿತ್ರಿ. ಕೇಳಿ, ಒಳಗೆ ಹೋಗದೆ, ನಗು ತಡೆದುಕೊಂಡು ನಿಂತೇ ಇದ್ದಳು. ಹೊಟ್ಟೆ ಬಿರಿಯುವಂತಿದ್ದರೂ ನಾನು ಸಾಕು ಅನ್ನಲಿಲ್ಲ.